ಮಹಾ ಪಿರಮಿಡ್ಡಿನ ಕಲ್ಲುಗಳೂ ಅವನ್ನು ಸಾಗಿಸಿದವರೂ

ಈಜಿಪ್ಟು ದೇಶದಲ್ಲಿ ಗೀಜಾ ಎಂಬ ಸ್ಥಳದಲ್ಲಿರುವ ಮಹಾ ಪಿರಮಿಡ್ಡಿನ ಹೆಸರನ್ನು ಕೇಳದವರು ವಿರಳ. ಮೂವತ್ತು ವರ್ಷಗಳಿಗೂ ಮೇಲ್ಪಟ್ಟು ಉಪಾಧ್ಯಾಯನಾಗಿದ್ದ ನನಗೆ ಸಂಸ್ಕೃತದ ಜೊತೆಗೆ ಚರಿತ್ರೆಯ ಪಾಠವನ್ನೂ ಹೇಳಬೇಕಾಗಿ ಬಂದಿತ್ತು. ಪ್ರತಿವರ್ಷವೂ ಪ್ರಾಚೀನ ನಾಗರಿಕತೆಗಳ ಪಾಠ ಬಂದಾಗ ನಾನು ಹೇಳುತ್ತಿದ್ದುದು ಒಂದೇ ಮಾತು: ಲಕ್ಷ ಮಂದಿ ಗುಲಾಮರನ್ನು ಚಾವಟಿಯಿಂದ ಹೊಡೆದು ಹೊಡೆದು ಕಲ್ಲೆಳೆಸಿ ಆ ಅರಸನು ತನ್ನ ಗೋರಿಯನ್ನು ಕಟ್ಟಿಸಿಕೊಂಡನು ಎಂದು. ಚಾವಟಿಯ ಶಬ್ದವನ್ನು ಮೇಜಿನ ಮೇಲೆ ಬೆತ್ತದಿಂದ ಬಡಿದು ತೋರಿಸುತ್ತಿದ್ದುದೂ ಉಂಟು. ಹುಡುಗರು ಕಣ್ಣರಳಿಸಿ ಕೇಳುತ್ತಿದ್ದರು. ಪರೀಕ್ಷೆಯಲ್ಲಿ ಹಾಗೆಯೇ ಬರೆದವರಿಗೆ ಪೂರ್ಣ ಅಂಕಗಳನ್ನು ಕೊಡುತ್ತಿದ್ದೆನು.

ಕಳೆದ ದೀಪಾವಳಿಯಲ್ಲಿ ನನ್ನ ಹಳೆಯ ಶಿಷ್ಯನೊಬ್ಬನು ಮನೆಗೆ ಬಂದನು. ಈಗ ಆತನು ಸೇತುವೆಗಳನ್ನು ಕಟ್ಟಿಸುವ ಇಂಜಿನಿಯರು. ಜಗುಲಿಯ ಮೇಲೆ ಕುಳಿತು ಕಾಫಿ ಕುಡಿಯುತ್ತ, "ಮೇಷ್ಟ್ರೇ, ನೀವು ಹೇಳಿಕೊಟ್ಟ ಗುಲಾಮರ ಕಥೆಯನ್ನು ನನ್ನ ಮಗನಿಗೆ ಹೇಳಿದೆ. ಅವನು, ಅದೆಲ್ಲ ಸುಳ್ಳು, ಕಟ್ಟಿದವರು ಗುಲಾಮರೇ ಅಲ್ಲ ಅಂತ ನನಗೇ ಪಾಠ ಹೇಳಿದ. ಯಾವುದು ನಿಜ?" ಎಂದು ಕೇಳಿದನು. "ನೋಡಿ ಹೇಳುತ್ತೇನಪ್ಪ" ಎಂದೆನು. ಶಿಷ್ಯನ ಮಗನು ಹಿಡಿದ ತಪ್ಪನ್ನು ಪರಿಶೀಲಿಸಲು ಹೊರಟು, ನಾಲ್ಕು ತಿಂಗಳು ಓದಿದುದರ ಫಲವೇ ಈ ಲೇಖನ.

ಮೊದಲು ಕಟ್ಟಡದ ಅಳತೆಯನ್ನು ನೋಡೋಣ. ಇದನ್ನು ಕಟ್ಟಿಸಿದವನು ಈಜಿಪ್ಟಿನ ನಾಲ್ಕನೆಯ ರಾಜವಂಶದ ಖುಫು ಎಂಬ ಅರಸನು. ಕಾಲವು ಕ್ರಿಸ್ತಪೂರ್ವ ಸುಮಾರು 2600ರಿಂದ 2550ರವರೆಗೆ. ತಳವು ಚತುರಸ್ರ, ಒಂದೊಂದು ಪಾರ್ಶ್ವವು ಸುಮಾರು 756 ಅಡಿ. ಎತ್ತರವು ಮೊದಲು ಸುಮಾರು 481 ಅಡಿ ಇದ್ದು, ತುದಿಯೂ ಹೊದಿಕೆಯೂ ಹೋದ ಮೇಲೆ ಸುಮಾರು 455 ಅಡಿಗೆ ಇಳಿದಿದೆ. ಅವರ ಲೆಕ್ಕದಲ್ಲಿ ಹೇಳುವುದಾದರೆ ಪಾರ್ಶ್ವವು 440 ಮೊಳ, ಎತ್ತರವು 280 ಮೊಳ. ಅವರ ರಾಜಮೊಳವು ನಮ್ಮ ಶಾಸ್ತ್ರಗಳ ಹಸ್ತದಂತೆ 24 ಅಂಗುಲದ್ದಲ್ಲ. ಏಳು ಅಂಗೈ, ಅಂದರೆ 28 ಬೆರಳುಗಳದು. ಇಂದಿನ ಅಳತೆಯಲ್ಲಿ ಇಪ್ಪತ್ತು ಅಂಗುಲಕ್ಕೆ ಸ್ವಲ್ಪ ಮೇಲೆ. ಒಂದು ಮೊಳ ಮೇಲೇರಿದರೆ ಗೋಡೆಯು ಎಷ್ಟು ಅಂಗೈ ಒಳಕ್ಕೆ ಸರಿಯಬೇಕು ಎಂಬುದರಿಂದ ಅವರು ಓರೆಯನ್ನು ಅಳೆಯುತ್ತಿದ್ದರು. ಅರ್ಧ ಪಾರ್ಶ್ವವಾದ 220ನ್ನು ಎತ್ತರವಾದ 280ರಿಂದ ಭಾಗಿಸಿ ಏಳರಿಂದ ಗುಣಿಸಿದರೆ ಸರಿಯಾಗಿ ಐದೂವರೆ ಅಂಗೈ ಬರುತ್ತದೆ. ಇದು ಕಾಕತಾಳೀಯವಲ್ಲ. ಕೆಲಸಗಾರನೊಬ್ಬನು ಒಂದು ಮರದ ಮಟ್ಟಗೋಲಿನಲ್ಲಿ ಈ ಪ್ರಮಾಣವನ್ನು ಗುರುತುಮಾಡಿಕೊಂಡು ಪ್ರತಿ ಕಲ್ಲಿನ ಮುಖವನ್ನೂ ಪರೀಕ್ಷಿಸಬಹುದಾಗಿತ್ತು. ಅಷ್ಟು ದೊಡ್ಡ ಗಿರಿಯ ಓರೆಯು ಒಬ್ಬ ಕಲ್ಲುಕುಟಿಗನ ಕೈಯ ಕೋಲಿನಲ್ಲಿ ಅಡಗಿತ್ತು!

ಒಟ್ಟು ಕಲ್ಲುಗಳು ಸುಮಾರು 23 ಲಕ್ಷವೆಂದು ಗಣನೆ. ಸರಾಸರಿ ಒಂದರ ತೂಕವು ಎರಡೂವರೆ ಟನ್ನು. ನಾನು ಗಣಿತದ ಮೇಷ್ಟರಲ್ಲದಿದ್ದರೂ ಈ ಲೆಕ್ಕವನ್ನು ಸ್ಲೇಟಿನ ಮೇಲೆ ಮಾಡಿ ನೋಡಿದೆನು. ಇಪ್ಪತ್ತು ವರ್ಷಗಳಲ್ಲಿ ಮುಗಿಯಿತೆಂದರೆ ವರ್ಷಕ್ಕೆ 1,15,000 ಕಲ್ಲು, ದಿನಕ್ಕೆ 315, ಹತ್ತು ಗಂಟೆಯ ದುಡಿಮೆಯ ದಿನವಾದರೆ ಎರಡೆರಡು ನಿಮಿಷಕ್ಕೊಂದು ಕಲ್ಲು ತನ್ನ ಸ್ಥಾನದಲ್ಲಿ ಕೂರಬೇಕು. ಈ ಲೆಕ್ಕವನ್ನು ಕಂಡು ಧೈರ್ಯಗೆಟ್ಟವರೇ ಅನ್ಯಲೋಕದವರು ಬಂದು ಕಟ್ಟಿದರೆಂದೂ, ಮಯನೇ ಬಂದು ಕಟ್ಟಿದನೆಂದೂ ಹೇಳುವುದು. ನಮ್ಮ ಊರಿನಲ್ಲಿಯೂ ಈ ಎರಡನೆಯ ಪಕ್ಷದವರೊಬ್ಬರಿದ್ದಾರೆ; ನನಗೆ ಹಿರಿಯರು, ಪೂಜ್ಯರು; ಆದರೆ ಈ ವಿಷಯದಲ್ಲಿ ಅವರೊಡನೆ ವಾದಿಸುವುದನ್ನು ಬಿಟ್ಟುಬಿಟ್ಟಿದ್ದೇನೆ.

ಅಂಥವರು ಒಂದು ಸಂಗತಿಯನ್ನು ಗಮನಿಸುವುದಿಲ್ಲ. ಮಹಾ ಪಿರಮಿಡ್ಡು ಆಕಾಶದಿಂದ ಒಮ್ಮೆಗೇ ಇಳಿದುದಲ್ಲ. ಅದಕ್ಕಿಂತ ಎರಡು ಮೂರು ತಲೆಮಾರು ಹಿಂದೆ ಜೋಸರ್ ಎಂಬ ಅರಸನಿಗಾಗಿ ಆತನ ಸಚಿವನಾದ ಇಮ್ಹೋಟೆಪನು ಸಕ್ಕಾರದಲ್ಲಿ ಮೆಟ್ಟಿಲು ಮೆಟ್ಟಿಲಾದ ಕಟ್ಟಡವನ್ನು ಕಟ್ಟಿಸಿದನು. ಅಲ್ಲಿನ ಕಲ್ಲುಗಳು ಚಿಕ್ಕವು. ಬಳಿಕ ಖುಫುವಿನ ತಂದೆಯಾದ ಸ್ನೆಫೆರುವು ದಾಹ್ಶೂರಿನಲ್ಲಿ ಒಂದನ್ನು ಆರಂಭಿಸಿದನು. ಅದು ಸುಮಾರು 54 ಅಂಶಗಳ ಕಡಿದಾದ ಓರೆಯಲ್ಲಿ ಅರ್ಧದಷ್ಟು ಮೇಲೇರಿದ ಬಳಿಕ ಭಾರವನ್ನು ತಡೆಯಲಾರದ ಲಕ್ಷಣಗಳು ತೋರಿ, ಅಲ್ಲಿಂದ ಮೇಲೆ ಸುಮಾರು 43 ಅಂಶಗಳಿಗೆ ತಗ್ಗಿಸಲ್ಪಟ್ಟಿತು. ಆದುದರಿಂದ ಆ ಕಟ್ಟಡವು ಇಂದಿಗೂ ಸೊಂಟ ಬಗ್ಗಿದಂತೆ ನಿಂತಿದೆ. ಅದೇ ಅರಸನು ಮತ್ತೊಂದನ್ನು ಮೊದಲಿನಿಂದಲೇ 43 ಅಂಶಗಳಲ್ಲಿ ಕಟ್ಟಿಸಿದನು. ಅದು ನೆಟ್ಟಗೆ ಮುಗಿಯಿತು. ಖುಫುವಿನ ಶಿಲ್ಪಿಗಳು ಈ ಸೋಲು ಗೆಲುವುಗಳ ನಡುವೆಯೇ ಪಳಗಿದವರು. ಅನ್ಯಲೋಕದವರು ಬಂದಿದ್ದರೆ ಮೊದಲನೆಯದನ್ನೇ ಸರಿಯಾಗಿ ಕಟ್ಟಬಾರದಾಗಿತ್ತೆ?

ಸ್ಥಳವನ್ನು ಮಟ್ಟಮಾಡಿ ದಿಕ್ಕನ್ನು ಸಾಧಿಸಿದ ಬಗೆಯಂತೂ ಪಾಠಶಾಲೆಯಲ್ಲಿ ಶುಲ್ಬಸೂತ್ರದ ಹೆಸರು ಕೇಳಿದ ನಮ್ಮಂಥವರಿಗೆ ಬಹಳ ಹಿತವಾದ ವಿಷಯ. ರಸಮಟ್ಟವಿಲ್ಲದ ಆ ಕಾಲದಲ್ಲಿ ಹದಿಮೂರು ಎಕರೆ ವಿಸ್ತಾರದ ತಳದ ಒಂದು ಅಂಚಿಗೂ ಮತ್ತೊಂದಕ್ಕೂ ಇರುವ ಏರುಪೇರು ಒಂದು ಅಂಗುಲಕ್ಕೂ ಕಡಿಮೆ. ಪಾರ್ಶ್ವಗಳು ನಿಜವಾದ ಉತ್ತರ ದಕ್ಷಿಣಗಳಿಂದ ಒಂದು ಅಂಶದ ಸುಮಾರು ಹದಿನೈದನೆಯ ಒಂದು ಭಾಗದಷ್ಟು ಮಾತ್ರ ತಪ್ಪಿವೆ. ಕಟ್ಟಡದ ಆರಂಭದಲ್ಲಿ ಅರಸನೇ ಗೂಟ ಬಡಿದು ಹಗ್ಗವನ್ನು ಎಳೆಯುವ ವಿಧಿಯೊಂದು ಆ ದೇಶದಲ್ಲಿ ಇದ್ದಿತು. ನಮ್ಮಲ್ಲಿ ಯಜ್ಞವೇದಿಯನ್ನು ರಜ್ಜುವಿನಿಂದ ಅಳೆಯುತ್ತಿದ್ದರು. ಸ್ಥಪತಿಯ ಸಹಾಯಕನಿಗೆ ಸೂತ್ರಗ್ರಾಹಿಯೆಂದೇ ಹೆಸರು. ದಿಕ್ಕನ್ನು ತಿಳಿಯಲು ಶಂಕುವನ್ನು ನೆಟ್ಟು, ಸುತ್ತಲೂ ವೃತ್ತವನ್ನು ಎಳೆದು, ನೆರಳಿನ ತುದಿಯು ವೃತ್ತವನ್ನು ಬೆಳಗ್ಗೆ ಮುಟ್ಟುವ ಮತ್ತು ಸಂಜೆ ಮುಟ್ಟುವ ಬಿಂದುಗಳನ್ನು ಸೇರಿಸಬೇಕೆಂದು ಕಾತ್ಯಾಯನನ ಶುಲ್ಬಸೂತ್ರದಲ್ಲಿ ಹೇಳಿದೆ. ಈಚೆಗೆ ಒಬ್ಬ ಅಮೆರಿಕದ ಇಂಜಿನಿಯರು ವಿಷುವದ್ದಿನದಂದು ಒಂದು ಕೋಲು ನೆಟ್ಟು ನೆರಳನ್ನು ಗುರುತುಮಾಡುತ್ತ ಹೋಗಿ ನೋಡಲಾಗಿ, ಪಿರಮಿಡ್ಡಿನ ತಪ್ಪು ಎಷ್ಟೋ ಹೆಚ್ಚುಕಡಿಮೆ ಅಷ್ಟೇ ತಪ್ಪು, ಅದೇ ಕಡೆಗೆ ವಾಲಿದುದಾಗಿ, ಅವನಿಗೂ ದೊರೆಯಿತಂತೆ. ನಕ್ಷತ್ರಗಳನ್ನು ನೋಡಿ ದಿಕ್ಕು ಸಾಧಿಸಿದರೆಂಬ ಪಕ್ಷವೂ ಪ್ರಬಲವಾಗಿಯೇ ಇದೆ. ಇಷ್ಟನ್ನು ಕಂಡು ಅವರ ವಿದ್ಯೆ ನಮ್ಮಿಂದ ಹೋಯಿತೆಂದೋ ನಮ್ಮದು ಅವರಿಂದ ಬಂತೆಂದೋ ಹೇಳುವ ಉತ್ಸಾಹಿಗಳಿದ್ದಾರೆ. ಸೂರ್ಯನೂ ಕೋಲೂ ಹಗ್ಗವೂ ಎಲ್ಲ ದೇಶಗಳಲ್ಲಿಯೂ ಇರುವಾಗ ಒಬ್ಬರಿಂದ ಮತ್ತೊಬ್ಬರು ಕದಿಯಬೇಕಾದ ಅಗತ್ಯವೇನು?

ಈ ಅಳತೆಗಳನ್ನೆಲ್ಲ ಮೊದಲು ಶಾಸ್ತ್ರೀಯವಾಗಿ ತೆಗೆದವನು ಫ್ಲಿಂಡರ್ಸ್ ಪೀಟ್ರಿ ಎಂಬ ಇಂಗ್ಲೆಂಡಿನ ಯುವಕ. 1880ರಿಂದ 1882ರವರೆಗೆ ಆತನು ಗೀಜಾದಲ್ಲಿ ಒಂದು ಕಲ್ಲುಗೋರಿಯೊಳಗೆ ವಾಸಮಾಡಿಕೊಂಡು ಅಳೆದನು. ಪಿರಮಿಡ್ಡಿನ ಅಳತೆಯಲ್ಲಿ ದೈವಿಕ ರಹಸ್ಯಗಳು ಅಡಗಿವೆಯೆಂದು ಪಿಯಾಜಿ ಸ್ಮಿತ್ ಎಂಬ ಜ್ಯೋತಿರ್ವಿಜ್ಞಾನಿಯು ಬರೆದಿದ್ದ ಸಿದ್ಧಾಂತವು ಅವನನ್ನು ಅಲ್ಲಿಗೆ ಸೆಳೆದಿತ್ತು. ಅಳೆದು ಮುಗಿಸುವ ವೇಳೆಗೆ ಆ ಸಿದ್ಧಾಂತವು ಉಳಿಯಲಿಲ್ಲ. ನಂಬಿ ಹೋದುದನ್ನು ತನ್ನ ಅಳತೆಗೋಲಿನಿಂದಲೇ ಸುಳ್ಳುಮಾಡಿ ಹಾಗೆಂದು ಪ್ರಕಟಿಸಿದ ಆ ಯುವಕನ ಪ್ರಾಮಾಣಿಕತೆಯನ್ನು ನಾನು ಬಹಳವಾಗಿ ಮೆಚ್ಚುತ್ತೇನೆ. ಹೊದಿಕೆಯ ಕಲ್ಲುಗಳ ಸಂದಿಯನ್ನು ಆತನು ಅಳೆದಾಗ ಅದರ ಸರಾಸರಿ ದಪ್ಪವು ಒಂದು ಅಂಗುಲದ ಐವತ್ತನೆಯ ಒಂದು ಭಾಗವೆಂದು ಕಂಡಿತು. ಅಷ್ಟು ಕಿರಿದಾದ ಸಂದಿಯಲ್ಲಿಯೂ ಗಾರೆಯು ತುಂಬಿತ್ತು. ಈ ಗಾರೆಯು ನಮ್ಮ ಸುಣ್ಣದ ಗಾರೆಯಲ್ಲ, ಜಿಪ್ಸಂ ಎಂಬ ಖನಿಜವನ್ನು ಸುಟ್ಟು ಮಾಡಿದುದು. ಸುಣ್ಣಕಲ್ಲನ್ನು ಬೇಯಿಸಲು ಬಹಳ ಶಾಖ ಬೇಕು, ಸೌದೆ ಬೇಕು. ಮರಳುಗಾಡಿನ ನಾಡಿನಲ್ಲಿ ಸೌದೆಯೆಲ್ಲಿಯದು? ಜಿಪ್ಸಮ್ಮಾದರೋ ಸ್ವಲ್ಪ ಬೆಂಕಿಯಲ್ಲಿಯೇ ಬೇಯುತ್ತದೆ. ಅದು ಕಲ್ಲನ್ನು ಕಲ್ಲಿಗೆ ಅಂಟಿಸುವುದಕ್ಕಿಂತ ಹೆಚ್ಚಾಗಿ, ಹಸಿಯಾಗಿದ್ದಾಗ ಭಾರವಾದ ಕಲ್ಲು ಜಾರಿಕೊಂಡು ಸ್ವಸ್ಥಾನಕ್ಕೆ ಸೇರಲು ಎಣ್ಣೆಯಂತೆ ಉಪಕರಿಸುತ್ತಿತ್ತು.

ಆಯುಧಗಳು ಎಂಥವು? ಕಬ್ಬಿಣವಿಲ್ಲ, ರಾಟೆಯಿಲ್ಲ, ಕಲ್ಲು ಸಾಗಿಸಲು ಗಾಲಿಯ ಬಂಡಿಯೂ ಇಲ್ಲ. ತಾಮ್ರದ ಉಳಿ, ಮರದ ಕೊಡತಿ, ಸನ್ನೆಗೋಲು, ಹಗ್ಗ, ಜಾರುಬಂಡಿ, ಇವಿಷ್ಟೆ. ಸುಣ್ಣಕಲ್ಲಿಗೆ ತಾಮ್ರದ ಉಳಿ ಸಾಕು. ಕಗ್ಗಲ್ಲಿಗೆ ಸಾಲದು. ಅದನ್ನು ಅದಕ್ಕಿಂತ ಗಟ್ಟಿಯಾದ ಡಾಲರೈಟ್ ಎಂಬ ಕರಿಕಲ್ಲಿನ ಗುಂಡುಗಳಿಂದ ಕುಟ್ಟಿ ಕುಟ್ಟಿ ಪುಡಿಮಾಡಿ ಬಿಡಿಸುತ್ತಿದ್ದರು. ಕೊಯ್ಯಬೇಕಾದಲ್ಲಿ ಹಲ್ಲಿಲ್ಲದ ತಾಮ್ರದ ಗರಗಸದ ಕೆಳಗೆ ಮರಳನ್ನು ಸುರಿದು ಎಳೆಯುತ್ತಿದ್ದರು. ಕೊಯ್ಯುವುದು ತಾಮ್ರವಲ್ಲ, ಮರಳು. ಮನೆಯಲ್ಲಿ ಒರಳನ್ನು ಕಟಿಯಲು ಬಂದವನ ಕೆಲಸವನ್ನು ಬಾಲ್ಯದಲ್ಲಿ ಗಂಟೆಗಟ್ಟಲೆ ನೋಡುತ್ತ ಕುಳಿತಿದ್ದ ನನಗೆ ಇದು ಸಾಧ್ಯವೆನ್ನಲು ಅಡ್ಡಿಯೇನೂ ತೋರುವುದಿಲ್ಲ. ಆದರೆ ಅದಕ್ಕೆ ಬೇಕಾದ ತಾಳ್ಮೆಯನ್ನು ನೆನೆದರೆ ಕೈ ನೋಯುತ್ತದೆ.

ಒಡಲಿನ ಕಲ್ಲುಗಳನ್ನು ಪಿರಮಿಡ್ಡಿನ ದಕ್ಷಿಣಕ್ಕೆ ಪಕ್ಕದಲ್ಲಿಯೇ ಇದ್ದ ಗಣಿಯಿಂದ ತೆಗೆದರು. ಹೊರಗಿನ ಬಿಳಿಯ ಹೊದಿಕೆಯ ಕಲ್ಲು ನೈಲ್ ನದಿಯ ಆಚೆಯ ದಡದ ತುರಾ ಎಂಬಲ್ಲಿಂದ ದೋಣಿಯಲ್ಲಿ ಬಂದಿತು. ಅರಸನ ಶವದ ಕೋಣೆಗೆ ಬೇಕಾದ ಕಗ್ಗಲ್ಲು ಐನೂರು ಮೈಲಿಗೂ ದೂರದ ಅಸ್ವಾನಿನಿಂದ ಬರಬೇಕಾಯಿತು. ಆ ಕೋಣೆಯ ಮಾಳಿಗೆಗೆ ಒಂಬತ್ತು ತೊಲೆಗಳು. ಒಂದೊಂದೂ ಹತ್ತಾರು ಟನ್ನಿನದು. ಅದರ ಮೇಲೆ ಇಡೀ ಗಿರಿಯ ಭಾರವು ಬೀಳಬಾರದೆಂದು ಒಂದರ ಮೇಲೊಂದಾಗಿ ಐದು ಟೊಳ್ಳು ಕೋಣೆಗಳನ್ನು ಬಿಟ್ಟು, ತುದಿಯದಕ್ಕೆ ಹೆಂಚಿನ ಮನೆಯ ಮಾಡಿನಂತೆ ಎರಡು ಕಡೆಗೆ ಇಳಿಜಾರಾದ ಕಲ್ಲುಗಳನ್ನು ಹೊದಿಸಿದ್ದಾರೆ. ಇವುಗಳಲ್ಲಿ ಕೆಳಗಿನದು 1765ರಲ್ಲಿಯೂ, ಮೇಲಿನ ನಾಲ್ಕು 1837ರಲ್ಲಿಯೂ ಬೆಳಕಿಗೆ ಬಂದುವು. ಯಾರೂ ಕಾಲಿಡಲೆಂದು ಮಾಡಿದುವಲ್ಲವಾದುದರಿಂದ ಅಲ್ಲಿಯ ಕಲ್ಲುಗಳನ್ನು ನಯಮಾಡಿರಲಿಲ್ಲ. ಅವುಗಳ ಮೇಲೆ ಕೆಲಸದ ತಂಡಗಳವರು ಕೆಮ್ಮಣ್ಣಿನಿಂದ ಗೀಚಿದ ಹೆಸರುಗಳು ಹಾಗೆಯೇ ಉಳಿದಿದ್ದುವು. ಖುಫುವಿನ ಗೆಳೆಯರು ಎಂಬ ಅರ್ಥದ ಹೆಸರು ಒಂದು ತಂಡದ್ದು. ಆತನ ವಂಶದ ಮೆಂಕೌರೆಯ ಕಟ್ಟಡಗಳಲ್ಲಿ ಮೆಂಕೌರೆಯ ಕುಡುಕರು ಎಂಬ ತಂಡದ ಹೆಸರನ್ನು ವಿದ್ವಾಂಸರು ಓದಿದ್ದಾರೆ. ಚಾವಟಿಯ ಕೆಳಗೆ ನರಳುವವನು ತನ್ನ ತಂಡಕ್ಕೆ ಅಂಥ ಹೆಸರನ್ನು ಇಟ್ಟುಕೊಂಡು ಗೋಡೆಯ ಮೇಲೆ ಬರೆಯುವನೆ? ನನ್ನ ಹಳೆಯ ಪಾಠದ ಮೇಲೆ ನನಗೆ ಮೊದಲು ಸಂದೇಹ ಹುಟ್ಟಿದುದು ಇಲ್ಲಿಯೇ.

ಎಳೆಯುವ ಬಗೆಯನ್ನು ಚಿತ್ರಿಸಿದ ಒಂದು ಗೋರಿಯಿದೆ. ಅದು ಖುಫುವಿಗಿಂತ ಏಳುನೂರು ವರ್ಷ ಈಚಿನದು. ಜೆಹುತಿಹೋಟೆಪ್ ಎಂಬ ಪ್ರಾಂತಾಧಿಕಾರಿಯದು. ಹದಿಮೂರು ಮೊಳ ಎತ್ತರದ ವಿಗ್ರಹವನ್ನು ಜಾರುಬಂಡಿಯ ಮೇಲೆ ಬಿಗಿದು, ನಾಲ್ಕು ಸಾಲಿನಲ್ಲಿ 172 ಮಂದಿ ಎಳೆಯುತ್ತಿದ್ದಾರೆ. ಒಬ್ಬನು ಬಂಡಿಯ ಮುಂದೆ ನಿಂತು ಕೊಡದಿಂದ ನೆಲಕ್ಕೆ ನೀರು ಸುರಿಯುತ್ತಿದ್ದಾನೆ. ಇದು ಏನೋ ಪೂಜಾವಿಧಿಯಿರಬೇಕೆಂದು ಕೆಲವರು ಬಹುಕಾಲ ಹೇಳುತ್ತಿದ್ದರು. 2014ರಲ್ಲಿ ಆಮ್‌ಸ್ಟರ್‌ಡ್ಯಾಮಿನ ಭೌತವಿಜ್ಞಾನಿಗಳು ಪ್ರಯೋಗಮಾಡಿ ನೋಡಿದರು. ಒಣ ಮರಳಿನಲ್ಲಿ ಜಾರುಬಂಡಿಯ ಮುಂದೆ ಮರಳು ಗುಡ್ಡೆಗಟ್ಟಿಕೊಂಡು ತಡೆಯುತ್ತದೆ. ಹದವಾಗಿ ನೀರು ಸೇರಿದರೆ ಮರಳು ಗಟ್ಟಿಯಾಗಿ, ಎಳೆಯಲು ಬೇಕಾದ ಬಲವು ಅರ್ಧಕ್ಕೆ ಇಳಿಯುತ್ತದೆ. ನೀರು ಹೆಚ್ಚಾದರೆ ಮತ್ತೆ ಕಷ್ಟ. ಆದುದರಿಂದ ಆ ನೀರು ಸುರಿಯುವವನೇ ಆ ಗುಂಪಿನಲ್ಲಿ ಅತಿ ಮುಖ್ಯನಾದ ಕುಶಲಿಯೆಂದು ಹೇಳಬೇಕು. ನಮ್ಮ ಊರಿನ ತೇರನ್ನು ಎಳೆಯುವಾಗ ಮಿಣಿ ಹಿಡಿದವರು ನೂರಾರು ಜನ; ಆದರೆ ಗಾಲಿಯ ಬಳಿ ಸನ್ನೆ ಹಾಕುವ ಇಬ್ಬರು ಇಲ್ಲದಿದ್ದರೆ ತೇರು ಅಂಗಡಿಬೀದಿಯ ತಿರುವನ್ನು ದಾಟುವುದಿಲ್ಲ. ಇದನ್ನು ಕಂಡವರಿಗೆ ಆ ಚಿತ್ರವು ಅಪರಿಚಿತವಾಗಿ ತೋರದು.

ಮೇಲಕ್ಕೆ ಏರಿಸಿದುದು ಹೇಗೆಂಬ ವಿವಾದ ಮುಗಿದಿಲ್ಲ. ಎದುರಿಗೆ ಒಂದೇ ನೇರವಾದ ಏರುದಾರಿಯನ್ನು ಕಟ್ಟಿದರೆಂಬುವರು ಹತ್ತು ಅಡಿಗೆ ಒಂದಡಿಯ ಏರನ್ನು ಹಿಡಿದರೆ ಆ ದಾರಿ ತುದಿ ಮುಟ್ಟುವ ಹೊತ್ತಿಗೆ ಸುಮಾರು 4,800 ಅಡಿ ಉದ್ದವಾಗಿ, ತಾನೇ ಒಂದು ಮಹಾಕಟ್ಟಡವಾಗುತ್ತದೆ. ಸುತ್ತಿಕೊಂಡು ಏರುವ ದಾರಿಯೆಂದು ಕೆಲವರು. ಒಳಗೇ ಸುರಂಗದಂತೆ ಇದ್ದಿತೆಂದು ಕೆಲವರು. ಆದರೆ ಈ ವಾದದಲ್ಲಿ ಒಂದು ಸುಲಭವಾದ ಗಣಿತವನ್ನು ಮರೆಯಲಾಗುತ್ತದೆ. ಪಿರಮಿಡ್ಡಿನ ಎತ್ತರದ ಕೆಳಗಿನ ಮೂರನೆಯ ಒಂದು ಭಾಗದಲ್ಲಿಯೇ ಒಟ್ಟು ಕಲ್ಲುಗಳ ಇಪ್ಪತ್ತೇಳರಲ್ಲಿ ಹತ್ತೊಂಬತ್ತು ಪಾಲು, ಎಂದರೆ ನೂರಕ್ಕೆ ಎಪ್ಪತ್ತು, ಅಡಗಿವೆ. ಅರ್ಧ ಎತ್ತರಕ್ಕೆ ಬರುವ ವೇಳೆಗೆ ಎಂಟರಲ್ಲಿ ಏಳು ಪಾಲು ಮುಗಿದಿರುತ್ತದೆ. ಕಷ್ಟವಾದ ಎತ್ತರಕ್ಕೆ ಹೋಗಬೇಕಾದುದು ಎಂಟನೆಯ ಒಂದು ಪಾಲು ಮಾತ್ರ. 2018ರಲ್ಲಿ ಹತ್ನೂಬ್ ಎಂಬಲ್ಲಿಯ ಗಣಿಯೊಂದರಲ್ಲಿ ಖುಫುವಿನ ಕಾಲದ ಏರುದಾರಿಯೊಂದು ದೊರೆಯಿತು. ಅದರ ಏರು ಐದಕ್ಕೆ ಒಂದಕ್ಕಿಂತಲೂ ಕಡಿದು. ಎರಡು ಪಕ್ಕದಲ್ಲಿಯೂ ಮೆಟ್ಟಿಲುಗಳು, ಮೆಟ್ಟಿಲ ಬದಿಯಲ್ಲಿ ಗೂಟ ನೆಡುವ ಕುಳಿಗಳು. ಗೂಟಕ್ಕೆ ಹಗ್ಗವನ್ನು ಸುತ್ತಿ ಕೆಳಮುಖವಾಗಿಯೂ ಮೇಲ್ಮುಖವಾಗಿಯೂ ಏಕಕಾಲದಲ್ಲಿ ಎಳೆಯುವ ಉಪಾಯವಿದೆಂದು ಶೋಧಕರ ಅಭಿಪ್ರಾಯ. ಅಷ್ಟು ಕಡಿದಾದ ದಾರಿಯಲ್ಲಿ ಎಳೆಯಬಲ್ಲವರಿಗೆ ಮೈಲುದ್ದದ ಏರಿ ಬೇಕಾಗಿರಲಿಲ್ಲ.

ಇನ್ನು ಕೆಲಸಗಾರರ ವಿಷಯ. ಲಕ್ಷ ಜನವೆಂಬ ಮಾತು ಹೆರೊಡೋಟಸನೆಂಬ ಗ್ರೀಕ್ ಚರಿತ್ರಕಾರನದು. ಆತನು ಈಜಿಪ್ಟಿಗೆ ಹೋದುದು ಕ್ರಿಸ್ತಪೂರ್ವ ಸುಮಾರು 450ರಲ್ಲಿ; ಖುಫು ಸತ್ತು ಆಗಲೇ ಎರಡು ಸಾವಿರ ವರ್ಷ ಕಳೆದಿತ್ತು. ಮೂರು ಮೂರು ತಿಂಗಳ ಸರದಿಯಲ್ಲಿ ಲಕ್ಷ ಲಕ್ಷ ಜನ ಇಪ್ಪತ್ತು ವರ್ಷ ದುಡಿದರೆಂದೂ, ಅರಸನು ದುಷ್ಟನೆಂದೂ, ಮೂಲಂಗಿ ಈರುಳ್ಳಿ ಬೆಳ್ಳುಳ್ಳಿಗಳಿಗೇ ಅಪಾರ ಬೆಳ್ಳಿ ಖರ್ಚಾಯಿತೆಂದೂ ಅಲ್ಲಿಯವರು ಹೇಳಿದುದನ್ನು ಆತನು ಬರೆದನು. ಇಸ್ರೇಲಿನ ಜನರು ಇಟ್ಟಿಗೆ ಮಾಡಿ ನಗರಗಳನ್ನು ಕಟ್ಟಿಕೊಟ್ಟರೆಂದು ಬೈಬಲಿನಲ್ಲಿ ಬರುವ ಕಥೆಯನ್ನು ಪಿರಮಿಡ್ಡಿಗೆ ತಗುಲಿಸಿದವರು ಇನ್ನೂ ಈಚಿನವರು. ಆ ಕಥೆಯಲ್ಲಿ ಹೆಸರಿಸಿರುವ ರಾಮ್ಸೇಸ್ ನಗರವು ಖುಫುವಿನ ಕಾಲಕ್ಕೆ ಸಾವಿರದ ಇನ್ನೂರು ವರ್ಷಗಳಿಗೂ ಈಚಿನದು. ಅಲ್ಲಿ ಇಟ್ಟಿಗೆ; ಇಲ್ಲಿ ಕಲ್ಲು. ಚಲಚ್ಚಿತ್ರಗಳವರು ಇವೆರಡನ್ನೂ ಸೇರಿಸಿ ಚಾವಟಿಯನ್ನು ಕೊಟ್ಟರು; ನಾನು ಬೆತ್ತದಿಂದ ಅದರ ಶಬ್ದವನ್ನು ಮಾಡಿದೆನು.

1990ರಲ್ಲಿ ಗೀಜಾದ ಬಳಿ ಒಂದು ಕುದುರೆಯ ಕಾಲು ಮರಳಿನಲ್ಲಿ ಹುದುಗಿದ್ದ ಇಟ್ಟಿಗೆ ಗೋಡೆಗೆ ತಗುಲಿ ಮುಗ್ಗರಿಸಿತು. ಅಲ್ಲಿ ಅಗೆದಾಗ ಪಿರಮಿಡ್ಡುಗಳನ್ನು ಕಟ್ಟಿದವರ ಶ್ಮಶಾನವು ದೊರೆಯಿತು. ಜಾಹಿ ಹವಾಸ್ ಎಂಬ ಈಜಿಪ್ಟಿನ ವಿದ್ವಾಂಸರು ಅದನ್ನು ಶೋಧಿಸಿದರು. ಗೋರಿಗಳಲ್ಲಿ ರೊಟ್ಟಿಗೂ ಪಾನಕ್ಕೂ ಮೀಸಲಾದ ಮಡಕೆಗಳು. ಕೆಲವರ ಹೆಸರು, ಬಿರುದು. ಹೆಂಗಸರ ಅಸ್ಥಿಗಳೂ ಇವೆ. ಬೆನ್ನೆಲುಬುಗಳು ಭಾರದಿಂದ ಸವೆದಿವೆ. ಮುರಿದ ಕೈಗಳನ್ನು ಸರಿಯಾಗಿ ಕೂಡಿಸಿ ಕಟ್ಟಿದುದರಿಂದ ಮೂಳೆ ಬೆಸೆದುಕೊಂಡಿರುವುದು ಕಾಣುತ್ತದೆ. ಕೈಕಾಲು ಕತ್ತರಿಸಬೇಕಾಗಿ ಬಂದು ಆಮೇಲೆಯೂ ಬದುಕಿದ್ದವರಿದ್ದಾರೆ. ಹತ್ತಿರದಲ್ಲಿಯೇ ಮಾರ್ಕ್ ಲೇನರ್ ಎಂಬ ಅಮೆರಿಕದ ವಿದ್ವಾಂಸರು ಆ ಜನರ ಊರನ್ನೇ ಅಗೆದು ತೆಗೆದಿದ್ದಾರೆ: ಸಾಲಾದ ಉದ್ದನೆಯ ಮನೆಗಳು, ರೊಟ್ಟಿ ಸುಡುವ ಮನೆಗಳು, ದನ ಕುರಿ ಆಡುಗಳ ಮೂಳೆಗಳ ರಾಶಿ. ಒಂದೇ ಕಾಲದಲ್ಲಿ ದುಡಿಯುತ್ತಿದ್ದವರು ಲಕ್ಷವಲ್ಲ, ಇಪ್ಪತ್ತು ಸಾವಿರದ ಆಸುಪಾಸಿನಲ್ಲಿರಬೇಕೆಂದು ಈ ವಿದ್ವಾಂಸರ ಎಣಿಕೆ.

ಇದಕ್ಕೆಲ್ಲ ಕಲಶವಿಟ್ಟಂತೆ ಆದುದು 2013ರ ಶೋಧ. ಕೆಂಪು ಸಮುದ್ರದ ದಡದ ವಾದಿ ಅಲ್ ಜರ್ಫ್ ಎಂಬಲ್ಲಿ ಖುಫುವಿನ ಕಾಲದ ಬಂದರೊಂದಿತ್ತು. ದೋಣಿಗಳನ್ನು ಬಿಚ್ಚಿ ಇಡಲು ಬಂಡೆಯಲ್ಲಿ ಕೊರೆದ ಗುಹೆಗಳ ಬಾಯಲ್ಲಿ, ದೊಡ್ಡ ಕಲ್ಲುಗಳ ಸಂದಿಯಲ್ಲಿ, ಪಿಯರ್ ತಾಲೆ ಎಂಬ ಫ್ರಾನ್ಸಿನ ವಿದ್ವಾಂಸರಿಗೂ ಅವರ ಸಂಗಡಿಗರಿಗೂ ಪ್ಯಾಪಿರಸ್ ಹಾಳೆಗಳ ತುಂಡುಗಳು ದೊರೆತುವು. ಜಗತ್ತಿನಲ್ಲಿ ಈವರೆಗೆ ಸಿಕ್ಕಿರುವ ಬರಹವುಳ್ಳ ಪ್ಯಾಪಿರಸ್ಸುಗಳಲ್ಲಿ ಇವೇ ಅತ್ಯಂತ ಹಳೆಯವು. ಅವುಗಳಲ್ಲಿ ಒಂದು ಭಾಗವು ಮೆರೆರ್ ಎಂಬ ಮೇಲ್ವಿಚಾರಕನ ದಿನಚರಿ. ಹದಿಮೂರನೆಯ ದನಗಣತಿಯ ಮುಂದಿನ ವರ್ಷವೆಂದು ಕಾಲವನ್ನು ಬರೆದಿದೆ. ಗಣತಿಯು ಎರಡು ವರ್ಷಕ್ಕೊಮ್ಮೆ ಆಗುತ್ತಿದ್ದುದರಿಂದ ಅದು ಖುಫುವಿನ ಆಳ್ವಿಕೆಯ ಸುಮಾರು 26–27ನೆಯ ವರ್ಷ. ಮೆರೆರನ ಕೈಕೆಳಗೆ ನಲವತ್ತು ಮಂದಿ. ತುರಾದ ಗಣಿಯಿಂದ ದೋಣಿಗೆ ಕಲ್ಲು ತುಂಬುವುದು, ಒಂದು ರಾತ್ರಿ ಖುಫುವಿನ ಕೊಳವೆಂಬ ಜಲಾಶಯದಲ್ಲಿ ತಂಗುವುದು, ಮರುದಿನ ಖುಫುವಿನ ದಿಗಂತವೆಂದು ಹೆಸರುಳ್ಳ ಪಿರಮಿಡ್ಡಿನ ಬಳಿ ಇಳಿಸುವುದು, ಬರಿದಾದ ದೋಣಿಯಲ್ಲಿ ತುರಾಕ್ಕೆ ಹಿಂದಿರುಗುವುದು. ಹತ್ತು ದಿನಕ್ಕೆ ಎರಡು ಮೂರು ಸಲ ಇದೇ ಯಾತ್ರೆ. ನೈಲ್ ನದಿಯು ಉಕ್ಕಿ ಹರಿಯುವ ಕಾಲದಲ್ಲಿ ನೀರು ಕಾಲುವೆಗಳಿಂದ ಗೀಜಾದ ಬುಡದವರೆಗೂ ಬರುತ್ತಿತ್ತು. ಆ ಜಲಾಶಯದ ಅಧಿಕಾರಿಯಾಗಿ ಅರಸನ ಮಲಸೋದರನಾದ ಅಂಖಾಫನ ಹೆಸರೂ ಅಲ್ಲಿ ಬಂದಿದೆ. ಬೇರೆ ಹಾಳೆಗಳಲ್ಲಿ ಆ ಜನರಿಗೆ ಬಂದ ದವಸಧಾನ್ಯ ರೊಟ್ಟಿ ಮುಂತಾದವುಗಳ ಲೆಕ್ಕ: ಬರಬೇಕಾದುದು ಎಷ್ಟು, ಬಂದುದು ಎಷ್ಟು, ಬಾಕಿ ಎಷ್ಟು. ಬಾಕಿಯ ಕಲಮನ್ನು ಕಂಡು ನಾನು ನಕ್ಕೆನು. ಸರಕಾರದ ಸಂಬಳದ ಮೇಲೆ ಬದುಕಿದ ಯಾವನಿಗೆ ಅದರ ಪರಿಚಯವಿಲ್ಲ!

ಹಾಗಾದರೆ ಇವರು ಗುಲಾಮರಲ್ಲ. ಸಂತೆಯಲ್ಲಿ ಕೊಂಡು ತಂದವರಲ್ಲ. ಹೆಸರಿದ್ದವರು, ಗೋರಿಯಿದ್ದವರು, ಹೊಟ್ಟೆತುಂಬ ಉಂಡವರು. ಆದರೆ ಶಿಷ್ಯನ ಮಗನಂಥ ಹೊಸಬರು ಇಲ್ಲಿಂದ ಮುಂದಕ್ಕೆ ಹಾರಿ, ಅವರೆಲ್ಲ ಸಂತೋಷದಿಂದ ಸ್ವಂತ ಇಚ್ಛೆಯಿಂದ ಬಂದ ಕೂಲಿಗಾರರೆಂದು ಹೇಳುವುದನ್ನೂ ನಾನು ಒಪ್ಪಲಾರೆ. ಕಸಬುದಾರರಾದ ಶಿಲ್ಪಿಗಳು ಕೆಲವು ಸಾವಿರ ಮಂದಿ ಅಲ್ಲಿಯೇ ನೆಲಸಿದ್ದರು, ನಿಜ. ಉಳಿದವರು ಹಳ್ಳಿಹಳ್ಳಿಗಳಿಂದ ಸರದಿಯ ಮೇಲೆ ಕರೆತರಲ್ಪಟ್ಟವರು. ಇಂಥ ದುಡಿಮೆಗೆ ನಮ್ಮ ಶಾಸ್ತ್ರದಲ್ಲಿ ಸರಿಯಾದ ಶಬ್ದವಿದೆ: ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ಬರುವ ವಿಷ್ಟಿ. ಕನ್ನಡದಲ್ಲಿ ಅದು ಬಿಟ್ಟಿಯಾಯಿತು. ಶಾಸನಗಳಲ್ಲಿಯೂ ಬಂದಿದೆ, ನಮ್ಮ ಅಜ್ಜಂದಿರ ಬಾಯಲ್ಲಿಯೂ ಇತ್ತು. ಬಿಟ್ಟಿ ಮಾಡುವವನು ಗುಲಾಮನಲ್ಲ, ಅವನಿಗೆ ಮನೆಯಿದೆ, ಹೊಲವಿದೆ. ಆದರೆ ಕರೆ ಬಂದಾಗ ಬರುವುದಿಲ್ಲವೆನ್ನುವ ಸ್ವಾತಂತ್ರ್ಯವೂ ಇಲ್ಲ. ಖುಫುವಿನ ತರುವಾಯ ಒಂದು ಶತಮಾನದೊಳಗಾಗಿ ನೆಫೆರಿರ್ಕರೆ ಎಂಬ ಅರಸನು ಅಬೈಡಾಸಿನ ದೇವಾಲಯದವರನ್ನು ಯಾರೂ ಬಿಟ್ಟಿಗೆ ಹಿಡಿಯಕೂಡದೆಂದು ಕಲ್ಲಿನ ಮೇಲೆ ಆಜ್ಞೆ ಹೊರಡಿಸಿದನು. ನಮ್ಮ ಅಗ್ರಹಾರಗಳಿಗೆ ಕೊಟ್ಟ ಸರ್ವಮಾನ್ಯದಂತೆಯೇ. ಬಿಡುಗಡೆಯನ್ನು ಕೊಡಬೇಕಾದರೆ ಹಿಡಿಯುವ ಪದ್ಧತಿ ಇದ್ದೇ ಇರಬೇಕಷ್ಟೆ. ಮತ್ತೂ ಒಂದು ಸಾಕ್ಷಿಯುಂಟು. ಮುಂದಿನ ಕಾಲದ ಈಜಿಪ್ಟಿನವರು ಸತ್ತವರ ಸಂಗಡ ಚಿಕ್ಕ ಚಿಕ್ಕ ಗೊಂಬೆಗಳನ್ನು ಇಡುತ್ತಿದ್ದರು. ಪರಲೋಕದಲ್ಲಿ ಹೊಲ ಉಳುವುದಕ್ಕೋ ಮರಳು ಹೊರುವುದಕ್ಕೋ ಸತ್ತವನ ಹೆಸರು ಕೂಗಿದರೆ ಅವನ ಬದಲು ಗೊಂಬೆಯು ಎದ್ದು ಓಗೊಡಬೇಕು. ಯಮಲೋಕದಲ್ಲಿಯೂ ಬಿಟ್ಟಿಗೆ ಹೆದರಿದ ಜನರು ಭೂಲೋಕದಲ್ಲಿ ಅದನ್ನು ಸಂತೋಷದಿಂದ ಮಾಡಿದರೆಂದು ಹೇಗೆ ಹೇಳೋಣ? ತಂಡದ ಹೆಸರಿನ ಹೆಮ್ಮೆಯೂ ಕರೆಯ ಭಯವೂ ಒಬ್ಬನೇ ಮನುಷ್ಯನಲ್ಲಿ ಇರಬಹುದು. ಮೂವತ್ತು ವರ್ಷ ಚುನಾವಣೆಯ ಕೆಲಸಕ್ಕೂ ಜನಗಣತಿಯ ಕೆಲಸಕ್ಕೂ ಹೋಗಿಬಂದ ಉಪಾಧ್ಯಾಯನಿಗೆ ಇದನ್ನು ಯಾರೂ ವಿವರಿಸಬೇಕಾಗಿಲ್ಲ.

ನಮ್ಮ ನಾಡಿನ ಪಟ್ಟದಕಲ್ಲಿನಲ್ಲಿ ಲೋಕಮಹಾದೇವಿಯು ಎಂಟನೆಯ ಶತಮಾನದಲ್ಲಿ ಕಟ್ಟಿಸಿದ ವಿರೂಪಾಕ್ಷ ದೇವಾಲಯದ ಶಾಸನಗಳಲ್ಲಿ ಅನಿವಾರಿತಾಚಾರಿ ಗುಂಡನ ಹೆಸರೂ ಸರ್ವಸಿದ್ಧಿ ಆಚಾರಿಯ ಹೆಸರೂ ಇವೆ. ಬೇಲೂರಿನ ವಿಗ್ರಹಗಳ ಕೆಳಗೆ ಬಳ್ಳಿಗಾವೆಯ ದಾಸೋಜನು ತನ್ನ ಹೆಸರನ್ನು ಕೊರೆದಿದ್ದಾನೆ. ಇವರು ಶಿಲ್ಪಿಗಳು, ಬಿರುದುಳ್ಳವರು. ಮೆರೆರನು ಅಂಥವನಲ್ಲ. ಉಳಿ ಹಿಡಿದವನೂ ಅಲ್ಲ. ಕಲ್ಲನ್ನು ಈ ದಡದಿಂದ ಆ ದಡಕ್ಕೆ ತಂದವನು. ಅಂಥವನ ಹೆಸರು ನಾಲ್ಕೂವರೆ ಸಾವಿರ ವರ್ಷ ಉಳಿದುದು ಆತನು ಪ್ರತಿದಿನದ ಲೆಕ್ಕವನ್ನು ತಪ್ಪದೆ ಬರೆದುದರಿಂದ ಮಾತ್ರ. ಆತನು ತಂದಂಥ ಬಿಳಿಯ ಕಲ್ಲುಗಳು ಈಗ ಪಿರಮಿಡ್ಡಿನ ಬುಡದಲ್ಲಿ ಕೆಲವು ಮಾತ್ರ ಉಳಿದಿವೆ. 1303ರಲ್ಲಿ ಭೂಕಂಪವಾಗಿ ಹೊದಿಕೆಯು ಸಡಿಲಿದ ತರುವಾಯ ಉಳಿದುವನ್ನು ಕೈರೋ ನಗರದ ಕಟ್ಟಡಗಳಿಗೆ ಒಯ್ದರು. ಎಂದರೆ ಅವು ಮತ್ತೊಮ್ಮೆ ಯಾರದೋ ಬೆನ್ನಿನ ಮೇಲೆ ಪ್ರಯಾ­ಣಮಾಡಿದುವು.

ಇಷ್ಟನ್ನು ಸಂಗ್ರಹಿಸಿ ಶಿಷ್ಯನಿಗೆ ಕಾಗದ ಬರೆದಿದ್ದೇನೆ. ನನ್ನ ಹಳೆಯ ಪಾಠಕ್ಕೆ ಹತ್ತಕ್ಕೆ ಎರಡು ಅಂಕ. ಹೆರೊಡೋಟಸನು ಹೇಳಿದ ಸರದಿಯ ವಿಷಯವನ್ನು ನಾನು ಬಿಡದೆ ಹೇಳುತ್ತಿದ್ದುದರಿಂದ ಆ ಎರಡಾದರೂ ದೊರೆಯಬೇಕು. ಅವನ ಮಗನಿಗೆ ಏಳು ಕೊಟ್ಟಿದ್ದೇನೆ. ಬಿಟ್ಟಿಯನ್ನು ಬಿಟ್ಟುದಕ್ಕಾಗಿ ಮೂರು ಕಳೆದಿದ್ದೇನೆಂದು ಹುಡುಗನಿಗೆ ತಿಳಿಸಬೇಕೆಂದೂ, ಬೇಸಗೆಯ ರಜೆಯಲ್ಲಿ ಬಂದರೆ ಮೆರೆರನ ದೋಣಿಯ ದಾರಿಯನ್ನು ಭೂಪಟದಲ್ಲಿ ತೋರಿಸುವೆನೆಂದೂ ಅದರಲ್ಲಿಯೇ ಬರೆದಿದ್ದೇನೆ.